ಗೇಮ್ ಹ್ಯಾಂಗ್ ಆದಾಗ ಗೋಡೆ ಸ್ವಿಚ್ ಆರಿಸದೆ ಕ್ಲೋಸ್ ಮಾಡೋದು ಹೇಗೆ?

ಹೇಮಾವತಿ_ದಂಡೆ, ಸಕಲೇಶಪುರ

ನಮಸ್ಕಾರ. ಟಿವಿಗೆ ಸೇರಿಸಿ ಆಡುವ ಗೇಮ್ ಕನ್ಸೋಲ್‌ಗಳ ವಿಷಯ: ಪಿಎಸ್5 (ಸೋನಿ ಪ್ಲೇಸ್ಟೇಷನ್ 5) ಬಗ್ಗೆ ಎರಡು ಪ್ರಶ್ನೆ, ಮೈಕ್ರೋಸಾಫ್ಟ್‌ನ ಎಕ್ಸ್‌ಬಾಕ್ಸ್ ಬಗ್ಗೆ ಒಂದು. ಗೊತ್ತಿರುವವರು ಬಿಡಿಸಿ ಹೇಳಿ.

ಮನೆಯಲ್ಲಿರೋದು ಡಿಸ್ಕ್ ಡ್ರೈವ್ ಇರುವ ಮೊದಲ ಮಾಡೆಲ್ ಪಿಎಸ್5. ಮಕ್ಕಳು ಆಡಿ ಮುಗಿಸಿದ ಮೇಲೆ ಗೇಮ್ ಕ್ಲೋಸ್ ಮಾಡಲ್ಲ, ಹೋಮ್ ಸ್ಕ್ರೀನ್‌ಗೆ ಬಂದು ಹಾಗೇ ರೆಸ್ಟ್ ಮೋಡ್‌ಗೆ (ಪೂರ್ತಿ ಆಫ್ ಆಗದ ನಿದ್ದೆ ಸ್ಥಿತಿಗೆ) ಹಾಕಿ ಎದ್ದು ಹೋಗ್ತಾರೆ. ದಿನಗಟ್ಟಲೆ ಅದೇ ಸ್ಥಿತಿಯಲ್ಲಿರುತ್ತೆ. ಪ್ರತಿ ಸಲ ಕ್ಲೋಸ್ ಮಾಡಲೇಬೇಕಾ, ಹೀಗೆ ಬಿಟ್ಟರೂ ನಡೆಯುತ್ತಾ?

ಎರಡನೇದು ಮುಖ್ಯ. ಆಡ್ತಾ ಇರುವಾಗ ಆಗಾಗ ಚಿತ್ರ ನಿಂತುಬಿಡುತ್ತೆ. ಕೆಲವು ಸಲ ಹಿನ್ನೆಲೆ ಸಂಗೀತ ಕೇಳ್ತಾ ಇರುತ್ತೆ, ಕೆಲವು ಸಲ ಕಂಟ್ರೋಲರ್‌ನ ಪಿಎಸ್ ಬಟನ್ ಒತ್ತಿದ್ರೂ ಏನೂ ಆಗಲ್ಲ. ಆಗ ಗೋಡೆ ಸ್ವಿಚ್ ಆರಿಸೋದೇ ಮನೆಯಲ್ಲಿ ರೂಢಿ. ಮತ್ತೆ ಆನ್ ಮಾಡಿದಾಗ ಸರಿಯಾಗಿ ಆಫ್ ಮಾಡಿಲ್ಲ ಅಂತ ಸಂದೇಶ ಬಂದು, ಹೊರಗಿನ ಹಾರ್ಡ್ ಡಿಸ್ಕನ್ನು ಪರೀಕ್ಷಿಸೋಕೆ ಶುರು ಮಾಡುತ್ತೆ. ಆ ಹಾರ್ಡ್ ಡಿಸ್ಕ್ ಹಿಂದಿನ ಯುಎಸ್‌ಬಿ ಪೋರ್ಟ್‌ನಲ್ಲಿದೆ, ಹಿಂದಿನ ತಲೆಮಾರಿನ ಪಿಎಸ್4 ಗೇಮ್‌ಗಳೆಲ್ಲ ಅದರಲ್ಲಿವೆ. ಹೀಗೆ ಸ್ವಿಚ್ ಆರಿಸೋದರಿಂದ ಸೇವ್, ಅಂದ್ರೆ ಆಟ ಎಲ್ಲಿ ತನಕ ಬಂದಿದೆ ಅನ್ನೋ ದಾಖಲೆ, ಹಾಳಾಗುತ್ತಾ?

ಮೂರನೇದು, ಹಾಸನದಲ್ಲಿ ತಮ್ಮನ ಮನೆಯ ಎಕ್ಸ್‌ಬಾಕ್ಸ್ ಸೀರೀಸ್ ಎಸ್. ಅಲ್ಲಿ ಗೇಮ್ ಹ್ಯಾಂಗ್ ಆದ್ರೆ ಕನ್ಸೋಲ್ ಆಫ್ ಮಾಡಿ ಆನ್ ಮಾಡಿದ್ರೂ ಹ್ಯಾಂಗ್ ಆದ ಜಾಗದಲ್ಲೇ ತೆರೆದುಕೊಳ್ಳುತ್ತೆ. ಪ್ಲಗ್ ಕಿತ್ತು ಹಾಕಿದ್ರೂ ಅಷ್ಟೇ. ಏನು ಕಾರಣ?

---

ಗಿರಿಶ್ರೇಣಿ, ಚಿಕ್ಕಮಗಳೂರು

ಹೇಮಾವತಿ_ದಂಡೆ ಅವರೇ, ಚಿತ್ರ ನಿಂತ ತಕ್ಷಣ ಮೊದಲು ಕಂಡುಹಿಡಿಯಬೇಕಾದ್ದು, ನಿಂತಿರೋದು ಯಾವುದು ಅನ್ನೋದನ್ನ. ಗೇಮಾ, ಇಡೀ ಕನ್ಸೋಲಾ, ಕಂಟ್ರೋಲರಾ, ಟಿವಿಯಾ? ನಾಲ್ಕಕ್ಕೂ ಮದ್ದು ಬೇರೆ. ಇದನ್ನು ನೋಡದೆ ಸ್ವಿಚ್‌ಗೆ ಕೈ ಹಾಕಿದ್ರೆ, ಹತ್ತು ಸೆಕೆಂಡಿನಲ್ಲಿ ಮುಗಿಯುವ ಕೆಲಸಕ್ಕೆ ಹಾರ್ಡ್ ಡಿಸ್ಕ್ ಪಣಕ್ಕಿಟ್ಟ ಹಾಗೆ.

ಟಿವಿ ರಿಮೋಟ್‌ನಲ್ಲಿ ಮೆನು ಒತ್ತಿ. ಟಿವಿಯ ಮೆನುವೇ ಬರದಿದ್ರೆ ನಿಂತಿರೋದು ಟಿವಿ. ಕನ್ಸೋಲನ್ನು ಮುಟ್ಟಬೇಡಿ, ಟಿವಿಯನ್ನಷ್ಟೇ ಆರಿಸಿ ಹಚ್ಚಿ. ಟಿವಿ ಸರಿಯಿದ್ರೆ ಕಂಟ್ರೋಲರ್ ನೋಡಿ. ಅದರ ದೀಪ ಆರಿದ್ರೆ ಚಾರ್ಜ್ ಮುಗಿದಿದೆ ಅಥವಾ ಬ್ಲೂಟೂತ್ ಕಡಿದಿದೆ. ಯುಎಸ್‌ಬಿ ಕೇಬಲ್‌ನಲ್ಲಿ ಕನ್ಸೋಲ್‌ಗೆ ಸೇರಿಸಿ ಪಿಎಸ್ ಬಟನ್ ಒತ್ತಿ. ಅದಕ್ಕೂ ಎಚ್ಚರ ಆಗದಿದ್ರೆ ಕಂಟ್ರೋಲರ್ ಬೆನ್ನಿನಲ್ಲಿ ಒಂದು ಸಣ್ಣ ತೂತು ಇದೆ, ಪೇಪರ್ ಕ್ಲಿಪ್ ಬಿಡಿಸಿ ಅದರೊಳಗೆ ಸುಮಾರು 5 ಸೆಕೆಂಡ್ ಒತ್ತಿ ಹಿಡಿದು, ಮತ್ತೆ ಕೇಬಲ್ ಹಾಕಿ ಪಿಎಸ್ ಒತ್ತಿ. ಹ್ಯಾಂಗ್ ಅಂತ ಬರುವ ದೂರುಗಳಲ್ಲಿ ಕಂಟ್ರೋಲರ್ ಕಡಿದದ್ದೂ ಬಹಳ ಇರುತ್ತೆ.

ಈಗ ಗೇಮ್ ಮಾತ್ರ ನಿಂತಾಗ. ಪಿಎಸ್ ಬಟನ್ ಒಂದು ಸಲ ಒತ್ತಿದ್ರೆ ಕೆಳಗೆ ಕಂಟ್ರೋಲ್ ಸೆಂಟರ್ ಪಟ್ಟಿ ಬರುತ್ತೆ. ಅದು ಬಂತು ಅಂದ್ರೆ ಕನ್ಸೋಲ್ ಚೆನ್ನಾಗಿಯೇ ಇದೆ, ಗೇಮ್ ಮಾತ್ರ ಕೂತಿದೆ. ಪಿಎಸ್ ಬಟನ್ ಒತ್ತಿ ಹಿಡಿದು ಹೋಮ್‌ಗೆ ಬನ್ನಿ, ಗೇಮ್‌ನ ಚೌಕದ ಮೇಲೆ ನಿಲ್ಲಿ, ಅದನ್ನು ತೆರೆಯದೆ ಆಪ್ಷನ್ಸ್ ಬಟನ್ ಒತ್ತಿ, ಕ್ಲೋಸ್ ಗೇಮ್ ಆರಿಸಿ. ಆಪ್ಷನ್ಸ್ ಅಂದ್ರೆ ಟಚ್‌ಪ್ಯಾಡ್‌ನ ಬಲಕ್ಕಿರುವ, ಮೂರು ಗೆರೆಯ ಗುರುತಿನದು. ಗೇಮ್ ಒಳಗಿದ್ದುಕೊಂಡು ಇದೇ ಬಟನ್ ಒತ್ತಿದ್ರೆ ಗೇಮ್‌ನ ಪಾಸ್ ಮೆನು ಬರುತ್ತೆ. ಕ್ಲೋಸ್ ಆಯ್ಕೆ ಕಾಣ್ತಿಲ್ಲ ಅನ್ನುವವರು ಎಡವೋದು ಇಲ್ಲೇ, ಮೊದಲು ಹೋಮ್‌ಗೆ ಬರಬೇಕು.

ಕ್ಲೋಸ್ ಕೊಟ್ಟ ಮೇಲೂ ಅರ್ಧ ನಿಮಿಷ ಏನೂ ಆಗದೆ ಇರಬಹುದು. ಮತ್ತೆ ಮತ್ತೆ ಒತ್ತಬೇಡಿ. ಎಷ್ಟೋ ಸಲ ಗೇಮ್ ತಾನೇ ಬಿದ್ದು ಸಿಇ-108255-1 ಅನ್ನುವ ಸಂದೇಶ ಬರುತ್ತೆ. ಗೇಮ್ ಅಥವಾ ಆ್ಯಪ್‌ನೊಳಗೆ ದೋಷ ಆಯ್ತು ಅನ್ನೋದಷ್ಟೇ ಅದರ ಅರ್ಥ. ಕನ್ಸೋಲ್ ಕೆಟ್ಟಿತು ಅಂತ ಅಲ್ಲ. ಪಿಎಸ್4ನಲ್ಲಿ ಇದೇ ಬಗೆಯ ಸಂದೇಶ ಸಿಇ-34878-0.

ಕಂಟ್ರೋಲ್ ಸೆಂಟರ್ ಬರುತ್ತೆ, ಆದರೆ ಗೇಮ್ ಕ್ಲೋಸ್ ಆಗ್ತಿಲ್ಲ ಅಂದ್ರೆ ಅದೇ ಪಟ್ಟಿಯ ಪವರ್ ಗುರುತಿಗೆ ಹೋಗಿ ರೀಸ್ಟಾರ್ಟ್ ಕೊಡಿ. ಇದು ಬಾಕಿ ಇರುವ ಬರವಣಿಗೆ ಮುಗಿಸಿಯೇ ಕನ್ಸೋಲನ್ನು ಆರಿಸುತ್ತೆ, ಆದ್ದರಿಂದ ಸುರಕ್ಷಿತ.

ಪಿಎಸ್ ಬಟನ್‌ಗೆ ಏನೂ ಬರದೆ ಇದ್ದಾಗ ಮಾತ್ರ ಕನ್ಸೋಲ್‌ನ ಮೇಲಿರುವ ಪವರ್ ಬಟನ್. ಚಿಕ್ಕದಾಗಿ ಒತ್ತಿದ್ರೆ ರೆಸ್ಟ್ ಮೋಡ್. ಸುಮಾರು 3 ಸೆಕೆಂಡ್ ಹಿಡಿದು ಎರಡನೇ ಬೀಪ್ ಕೇಳಿದ ಮೇಲೆ ಬಿಟ್ಟರೆ ಪೂರ್ತಿ ಆಫ್. ದೀಪ ಮಿನುಗಿ ಆರುತ್ತೆ. ಮಿನುಗ್ತಾ ಇರುವಾಗ ಪ್ಲಗ್‌ಗೆ ಕೈ ಹಾಕಬೇಡಿ, ಬರೆಯುವ ಕೆಲಸ ನಡೆದಿರೋದು ಆಗಲೇ. ಅದಕ್ಕೂ ಬಗ್ಗದಿದ್ರೆ ದೀಪ ಆರುವ ತನಕ ಬಟನ್ ಒತ್ತಿ ಹಿಡಿದೇ ಇರಿ. ಇದಾದ ಮೇಲೂ ದೀಪ ಆರದಿದ್ರೆ ಮಾತ್ರ ಗೋಡೆ ಸ್ವಿಚ್.

ಸೇವ್ ಬಗ್ಗೆ: ಹೌದು, ಹಾಳಾಗಬಹುದು. ಗೇಮ್ ಸೇವ್ ಬರೆಯುತ್ತಿರುವಾಗ, ಅಂದ್ರೆ ಮೂಲೆಯಲ್ಲಿ ಆಟೋಸೇವ್ ಗುರುತು ತಿರುಗುವಾಗ ಕರೆಂಟ್ ಕಡಿದ್ರೆ ಫೈಲ್ ಅರ್ಧ ಬರೆದಿರುತ್ತೆ. ಮುಂದಿನ ಸಲ ಸೇವ್ ಕೆಟ್ಟಿದೆ ಅಂತ ಸಂದೇಶ, ಅಥವಾ ಗೇಮ್ ಲೋಡ್ ಆಗುವಾಗಲೇ ಬೀಳೋದು. ಹೊರಗಿನ ಹಾರ್ಡ್ ಡಿಸ್ಕ್‌ಗೆ ಅಪಾಯ ಇನ್ನೂ ಹೆಚ್ಚು. ಫೈಲ್‌ಗಳ ಪಟ್ಟಿಗೂ ಡಿಸ್ಕ್‌ನಲ್ಲಿರುವ ಫೈಲ್‌ಗೂ ತಾಳೆ ತಪ್ಪಿರುತ್ತೆ. ನಿಮಗೆ ಕಾಣುವ ಪರೀಕ್ಷೆ ಅದನ್ನು ಸರಿಮಾಡೋ ಕೆಲಸ, ಅದನ್ನು ಯಾವತ್ತೂ ಮಧ್ಯದಲ್ಲಿ ನಿಲ್ಲಿಸಬೇಡಿ.

ರೆಸ್ಟ್ ಮೋಡ್ ಪ್ರಶ್ನೆಗೆ ಬರೋಣ. ಕಿತ್ತಳೆ ದೀಪ ಇರುವಾಗ ಗೇಮ್ ಓಡ್ತಾ ಇರಲ್ಲ, ನಿಂತಿರುತ್ತೆ. ಆದರೆ ಅದರ ಸ್ಥಿತಿ ಕನ್ಸೋಲ್‌ನ ತಾತ್ಕಾಲಿಕ ಮೆಮೊರಿಯಾದ ರ್‍ಯಾಮ್‌ನಲ್ಲಿರುತ್ತೆ, ರ್‍ಯಾಮ್‌ಗೆ ಕರೆಂಟ್ ಬೇಕು. ರಾತ್ರಿ ಕರೆಂಟ್ ಹೋದ್ರೆ ನಿಂತ ಗೇಮ್ ಹೋಯ್ತು, ಉಳಿಯೋದು ಕೊನೆಯ ಸೇವ್ ಮಾತ್ರ. ಸಕಲೇಶಪುರದ ಮಳೆಗಾಲಕ್ಕೆ ಈ ಅಭ್ಯಾಸ ಹೊಂದಲ್ಲ. ಊಟಕ್ಕೆ ಎದ್ದು ಬರುವಷ್ಟು ಹೊತ್ತಿಗೆ ರೆಸ್ಟ್ ಮೋಡ್ ಚೆನ್ನ. ದಿನದ ಆಟ ಮುಗೀತು ಅಂದ್ರೆ ಸೇವ್ ಮಾಡಿ, ಗೇಮ್ ಕ್ಲೋಸ್ ಮಾಡಿ, ಪೂರ್ತಿ ಆಫ್. ದಿನಗಟ್ಟಲೆ ನಿಲ್ಲಿಸಿ ಎಬ್ಬಿಸಿ ಆಡುವ ಗೇಮ್‌ನಲ್ಲಿ ಮೆಮೊರಿಯ ತಪ್ಪುಗಳು ಸೇರ್ತಾ ಹೋಗುತ್ತವೆ. ಆನ್‌ಲೈನ್ ಗೇಮ್ ಆದ್ರೆ ಸರ್ವರ್ ಸಂಪರ್ಕ ಕಡಿದಿರುತ್ತೆ, ಎಬ್ಬಿಸಿದಾಗ ಅದು ಗೊತ್ತಾಗದೆ ಖಾಲಿ ಪರದೆಯಲ್ಲಿ ಕೂರುತ್ತೆ. ಅಂಥ ಗೇಮ್ ಕ್ಲೋಸ್ ಮಾಡಿಯೇ ಎದ್ದೇಳಬೇಕು.

ಒಂದು ಪ್ರಶ್ನೆ ನಿಮಗೆ. ಹ್ಯಾಂಗ್ ಆಗೋದು ಎಲ್ಲ ಗೇಮಾ, ಹೊರಗಿನ ಹಾರ್ಡ್ ಡಿಸ್ಕ್‌ನಲ್ಲಿರೋವು ಮಾತ್ರವಾ?

---

ಮೂರುಗೆರೆ_ಬಟನ್, ಅರಸೀಕೆರೆ

ಎಕ್ಸ್‌ಬಾಕ್ಸ್ ಪ್ರಶ್ನೆಗೆ ಉತ್ತರ. ನಿಮ್ಮ ತಮ್ಮನವರ ಕನ್ಸೋಲ್‌ನಲ್ಲಿ ಆಗ್ತಿರೋದು ಕ್ವಿಕ್ ರೆಸ್ಯೂಮ್ ಕೆಲಸ. ಸೀರೀಸ್ ಎಸ್ ಮತ್ತು ಎಕ್ಸ್ ಎರಡರಲ್ಲೂ ಗೇಮ್‌ನ ಆ ಕ್ಷಣದ ಸ್ಥಿತಿಯನ್ನು ಒಳಗಿನ ಎಸ್‌ಎಸ್‌ಡಿಗೆ (ಕರೆಂಟ್ ಇಲ್ಲದಿದ್ರೂ ಡೇಟಾ ಉಳಿಸುವ ಸ್ಟೋರೇಜ್‌ಗೆ) ಬರೆದಿಡ್ತಾರೆ. ಗಿರಿಶ್ರೇಣಿ ಹೇಳಿದ ಪಿಎಸ್5 ರೆಸ್ಟ್ ಮೋಡ್‌ಗೂ ಇದಕ್ಕೂ ಇರುವ ವ್ಯತ್ಯಾಸ ಇದೇ: ಅಲ್ಲಿ ಕರೆಂಟ್ ಹೋದ್ರೆ ಸ್ಥಿತಿ ಹೋಗುತ್ತೆ, ಇಲ್ಲಿ ಉಳಿಯುತ್ತೆ. ರೀಸ್ಟಾರ್ಟ್ ಮಾಡಿ, ಪ್ಲಗ್ ಕೀಳಿ, ಎಸ್‌ಎಸ್‌ಡಿಯಲ್ಲಿ ಬರೆದದ್ದು ಎಲ್ಲಿಗೂ ಹೋಗಲ್ಲ. ಕೆಟ್ಟ ಸ್ಥಿತಿಯೇ ಬರೆದಿದ್ರೆ ಅದೇ ಕೆಟ್ಟ ಸ್ಥಿತಿ ಮತ್ತೆ ತೆರೆದುಕೊಳ್ಳುತ್ತೆ. ಗೇಮ್ ತೆರೆಯುವಾಗ ಪರದೆಯ ಮೇಲುಗಡೆ ಮೂಲೆಯಲ್ಲಿ ಕ್ವಿಕ್ ರೆಸ್ಯೂಮ್ ಅನ್ನುವ ಗುರುತು ಬಂದ್ರೆ ಹೀಗೇ ಆಗಿದೆ ಅಂತ ಖಚಿತ.

ಮಾಡಬೇಕಾದ್ದು ಕ್ವಿಟ್. ಕಂಟ್ರೋಲರ್‌ನ ಎಕ್ಸ್‌ಬಾಕ್ಸ್ ಬಟನ್ ಒತ್ತಿ, ಎಡಗಡೆ ಗೈಡ್ ಬರುತ್ತೆ. ಗೇಮ್‌ನ ಹೆಸರಿನ ಮೇಲೆ ನಿಂತು ಮೆನು ಬಟನ್ ಒತ್ತಿ. ಇದರ ಗುರುತೂ ಮೂರು ಗೆರೆಯೇ, ಎರಡು ಚೌಕದ ಗುರುತಿರುವ ವ್ಯೂ ಬಟನ್ ಅಲ್ಲ. ಬರುವ ಪಟ್ಟಿಯಲ್ಲಿ ಕ್ವಿಟ್ ಆರಿಸಿ. ಹೋಮ್‌ನಲ್ಲಿರುವ ಗೇಮ್ ಚೌಕದ ಮೇಲೆ ನಿಂತು ಮೆನು ಒತ್ತಿದ್ರೂ ಇದೇ ಪಟ್ಟಿ. ಕ್ವಿಟ್ ಕೊಟ್ಟರೆ ಬರೆದಿಟ್ಟ ಸ್ಥಿತಿ ಅಳಿಸಿಹೋಗಿ, ಮುಂದಿನ ಸಲ ಗೇಮ್ ಮೊದಲಿನಿಂದ ತೆರೆಯುತ್ತೆ. ಹೋಮ್‌ಗೆ ಬಂದು ಇನ್ನೊಂದು ಗೇಮ್ ತೆರೆದ್ರೆ ಹಳೇದು ಕ್ಲೋಸ್ ಆಗುತ್ತೆ ಅನ್ನೋ ನಂಬಿಕೆ ಸೀರೀಸ್ ಕನ್ಸೋಲ್‌ಗಳಲ್ಲಿ ನಡೆಯಲ್ಲ. ಪಿಎಸ್5ನಲ್ಲಿ ಒಂದು ಸಲಕ್ಕೆ ಒಂದೇ ಗೇಮ್, ಎರಡನೇದು ತೆರೆದ್ರೆ ಮೊದಲನೇದು ಕ್ಲೋಸ್ ಆಗುತ್ತೆ ಅಂತ ಎಚ್ಚರಿಸುತ್ತೆ. ಎಕ್ಸ್‌ಬಾಕ್ಸ್ ಏನೂ ಕೇಳದೆ ಹಳೇದನ್ನು ಕ್ವಿಕ್ ರೆಸ್ಯೂಮ್‌ಗೆ ಸರಿಸಿಬಿಡುತ್ತೆ.

ಇಡೀ ಕನ್ಸೋಲ್ ನಿಂತ್ರೆ ಮುಂಭಾಗದ ಎಕ್ಸ್‌ಬಾಕ್ಸ್ ಬಟನ್ 10 ಸೆಕೆಂಡ್ ಒತ್ತಿ ಹಿಡಿಯಿರಿ, ಪೂರ್ತಿ ಆಫ್ ಆಗುತ್ತೆ. ಮತ್ತೆ ಆನ್ ಮಾಡಿದಾಗ ಹಸಿರು ಬೂಟ್ ಚಿತ್ರ ಬರಬೇಕು. ಬರದೆ ನೇರ ಹೋಮ್‌ಗೆ ಹೋದ್ರೆ ಅದು ಪೂರ್ತಿ ಆಫ್ ಆಗಿರಲಿಲ್ಲ, ಸ್ಲೀಪ್‌ನಲ್ಲಿತ್ತು, ಮತ್ತೊಮ್ಮೆ ಹಿಡಿಯಿರಿ. ಪೂರ್ತಿ ಆಫ್ ಆದ ಮೇಲೆ ಪ್ಲಗ್ ಕಿತ್ತು 10 ಸೆಕೆಂಡ್ ಬಿಟ್ಟು ಹಾಕಿದ್ರೆ ಒಳಗಿನ ಪವರ್ ಸಪ್ಲೈ ರೀಸೆಟ್ ಆಗುತ್ತೆ. ಕನ್ಸೋಲ್ ಆನ್ ಆಗೋಕೇ ಒಪ್ಪದಿದ್ದಾಗ ಇದು ಉಪಯೋಗಕ್ಕೆ ಬರುತ್ತೆ.

ಕ್ವಿಟ್ ಮಾಡಿದ ತಕ್ಷಣ ಕನ್ಸೋಲ್ ಆಫ್ ಮಾಡಬೇಡಿ. ಸೇವ್ ಕ್ಲೌಡ್‌ಗೆ (ಕಂಪನಿಯ ಆನ್‌ಲೈನ್ ಸರ್ವರ್‌ಗೆ) ಹೋಗೋದು ಗೇಮ್ ಮುಚ್ಚಿದ ಮೇಲೆ, ಒಂದೆರಡು ನಿಮಿಷ ಕೊಡಿ. ಇಂಟರ್‌ನೆಟ್ ನಿಧಾನ ಇರುವ ಕಡೆ ಇನ್ನೂ ಸ್ವಲ್ಪ. ಮಧ್ಯದಲ್ಲಿ ಕಡಿದಿದ್ರೆ ಮುಂದಿನ ಸಲ ಕನ್ಸೋಲ್‌ನ ಸೇವ್ ಬೇಕಾ ಕ್ಲೌಡ್‌ನದ್ದು ಬೇಕಾ ಅಂತ ಕೇಳಬಹುದು. ತಾರೀಕು, ಸಮಯ ಎರಡನ್ನೂ ಓದಿ ಹೊಸದನ್ನೇ ಆರಿಸಿ, ಅವಸರದಲ್ಲಿ ಒತ್ತಿದ್ರೆ ಹಳೇ ಸೇವ್ ಹೊಸದರ ಮೇಲೆ ಕೂರುತ್ತೆ.

ಸೇವ್ ಕೆಟ್ಟಿದೆ ಅನ್ನಿಸಿದ್ರೆ ಗೇಮ್ ಮೇಲೆ ಮೆನು ಒತ್ತಿ, ಗೇಮ್ ನಿರ್ವಹಣೆಯ ಪುಟದಲ್ಲಿ ಸೇವ್ಡ್ ಡೇಟಾಗೆ ಹೋಗಿ. ಅಳಿಸುವಾಗ ಎರಡು ಆಯ್ಕೆ ಬರುತ್ತೆ. ಕನ್ಸೋಲ್‌ನಿಂದ ಮಾತ್ರ ಅಳಿಸೋದನ್ನ ಆರಿಸಿದ್ರೆ ಕ್ಲೌಡ್ ಪ್ರತಿ ಉಳಿದು ಮತ್ತೆ ಇಳಿಯುತ್ತೆ. ಎಲ್ಲ ಕಡೆಯಿಂದ ಅಳಿಸೋದನ್ನ ಒತ್ತಿದ್ರೆ ವಾಪಸ್ ತರೋಕೆ ದಾರಿ ಇಲ್ಲ.

---

ಕಾಡುಮಲ್ಲಿಗೆ, ಕಡೂರು

ಇಷ್ಟೆಲ್ಲ ಸುತ್ತೋದಕ್ಕಿಂತ ಗೇಮ್ ಡಿಲೀಟ್ ಮಾಡಿ ಹೊಸದಾಗಿ ಇನ್‌ಸ್ಟಾಲ್ ಮಾಡೋದು ಒಳ್ಳೇದು ಅಂತ ನನ್ನ ಅಭಿಪ್ರಾಯ. ಪಿಎಸ್4, ಪಿಎಸ್5 ಎರಡರಲ್ಲೂ ಸೇವ್ ಬೇರೆ ಜಾಗದಲ್ಲಿರುತ್ತೆ, ಗೇಮ್ ಅಳಿಸಿದ್ರೆ ಸೇವ್ ಹೋಗಲ್ಲ.

ಪಿಎಸ್4 ಇಟ್ಟುಕೊಂಡವರು ಇನ್ನೂ ಬಹಳ ಜನ ಇದ್ದಾರೆ, ಅದಕ್ಕೂ ಬರೆದುಬಿಡ್ತೀನಿ. ಪಿಎಸ್ ಬಟನ್ ಒಂದು ಸಲ ಒತ್ತಿ ಹೋಮ್‌ಗೆ ಬನ್ನಿ, ಗೇಮ್ ಮೇಲೆ ನಿಂತು ಆಪ್ಷನ್ಸ್, ಕ್ಲೋಸ್ ಅಪ್ಲಿಕೇಶನ್. ಪೂರ್ತಿ ನಿಂತ್ರೆ ಕನ್ಸೋಲ್ ಬಟನ್ ಕನಿಷ್ಠ 7 ಸೆಕೆಂಡ್, ಎರಡನೇ ಬೀಪ್ ತನಕ. ಮೊದಲ ಪಿಎಸ್4ನಲ್ಲಿ ಅದು ಮುಟ್ಟಿದರೆ ಸಾಕಾಗುವ ಬಟನ್, ಬೆರಳು ಒಣಗಿರಬೇಕು. ಸ್ಲಿಮ್, ಪ್ರೊ ಎರಡರಲ್ಲೂ ಒತ್ತುವ ಬಟನ್. ಪಿಎಸ್4 ಒಳಗಿರೋದು ತಿರುಗುವ ಹಾರ್ಡ್ ಡಿಸ್ಕ್, ಹಾಗಾಗಿ ದೊಡ್ಡ ಗೇಮ್ ಲೋಡ್ ಆಗುವಾಗ ಎರಡು ಮೂರು ನಿಮಿಷ ಕಪ್ಪು ಪರದೆ ಇದ್ರೂ ಅದು ಹ್ಯಾಂಗ್ ಅಲ್ಲ. ಕಾಯಿರಿ.

ಎಲ್ಲ ಗೇಮ್‌ಗಳೂ ನಿಲ್ತಾ ಇದ್ದು, ಮೆನು ಕೂಡ ತಡವರಿಸ್ತಾ ಇದ್ರೆ ಆ ಹಾರ್ಡ್ ಡಿಸ್ಕ್ ಮುಗೀತಾ ಬಂದಿದೆ ಅಂತ ಅನುಮಾನಿಸಬೇಕು. ಅದು ಲ್ಯಾಪ್‌ಟಾಪ್‌ಗೆ ಹಾಕುವ 2.5 ಇಂಚಿನ ಸಾಟಾ ಡಿಸ್ಕ್, ಬದಲಿಗೆ ಸಾಟಾ ಎಸ್‌ಎಸ್‌ಡಿ ಹಾಕಬಹುದು. ಹೊಸ ಡಿಸ್ಕ್ ಖಾಲಿ ಇರೋದ್ರಿಂದ ಪೆನ್‌ಡ್ರೈವ್‌ನಿಂದ ಸಿಸ್ಟಮ್ ಸಾಫ್ಟ್‌ವೇರ್ ಹಾಕಬೇಕು. ಪೆನ್‌ಡ್ರೈವ್ ಫ್ಯಾಟ್32ಗೆ ಫಾರ್ಮ್ಯಾಟ್ ಮಾಡಿ, ಪಿಎಸ್4 ಹೆಸರಿನ ಫೋಲ್ಡರ್, ಅದರೊಳಗೆ ಅಪ್‌ಡೇಟ್ ಹೆಸರಿನ ಫೋಲ್ಡರ್, ಎರಡೂ ಇಂಗ್ಲಿಷ್ ದೊಡ್ಡಕ್ಷರದಲ್ಲಿ, ಫೈಲ್ ಅದರೊಳಗೆ. ಇಳಿಸಿಕೊಳ್ಳುವಾಗ ಮರು-ಇನ್‌ಸ್ಟಾಲ್ ಫೈಲನ್ನೇ ಇಳಿಸಿ. ಬರಿ ಅಪ್‌ಡೇಟ್ ಫೈಲ್ ಚಿಕ್ಕದು, ಖಾಲಿ ಡಿಸ್ಕ್‌ಗೆ ಅದು ಆಗಲ್ಲ. ಇದೊಂದು ತಪ್ಪಿದ್ದಕ್ಕೆ ಹೊಸ ಎಸ್‌ಎಸ್‌ಡಿಯನ್ನೇ ಬೈದುಕೊಂಡು ಅಂಗಡಿಗೆ ವಾಪಸ್ ಕೊಟ್ಟವರಿದ್ದಾರೆ.

---

ಹೇಮಾವತಿ_ದಂಡೆ, ಸಕಲೇಶಪುರ

ಎಲ್ಲರಿಗೂ ಧನ್ಯವಾದ. ಕ್ವಿಟ್ ಕೊಟ್ಟ ಮೇಲೆ ತಮ್ಮನ ಎಕ್ಸ್‌ಬಾಕ್ಸ್ ಸರಿಹೋಯ್ತು.

ಗಿರಿಶ್ರೇಣಿ ಅವರೇ, ನೀವು ಕೇಳಿದ ಮೇಲೆ ಗಮನಿಸಿದೆ. ಹೊರಗಿನ ಹಾರ್ಡ್ ಡಿಸ್ಕ್‌ನಲ್ಲಿರುವ ಪಿಎಸ್4 ಗೇಮ್‌ಗಳೇ ನಿಲ್ಲೋದು. ಪಿಎಸ್5 ಗೇಮ್ ಒಂದೂ ನಿಂತಿಲ್ಲ. ಇನ್ನೊಂದು, ಸೇಫ್ ಮೋಡ್‌ಗೆ (ಕನ್ಸೋಲ್ ದುರಸ್ತಿಗೆ ಇರುವ ವಿಶೇಷ ಮೆನುಗೆ) ಹೋಗಿ ನೋಡಿದೆ, ಕೇಬಲ್ ಹಾಕಿ ಪಿಎಸ್ ಒತ್ತಿ ಅಂತ ಬರುತ್ತೆ, ಕೇಬಲ್ ಹಾಕಿದ್ರೂ ಮುಂದಕ್ಕೆ ಹೋಗ್ತಿಲ್ಲ. ಅದೇ ಕೇಬಲ್‌ನಲ್ಲಿ ಚಾರ್ಜ್ ಆಗುತ್ತೆ.

---

ಗಿರಿಶ್ರೇಣಿ, ಚಿಕ್ಕಮಗಳೂರು

ಹಾಗಾದ್ರೆ ಕನ್ಸೋಲ್ ಮೇಲೆ ಅನುಮಾನ ಬೇಡ. ಪಿಎಸ್5 ಗೇಮ್‌ಗಳು ಯುಎಸ್‌ಬಿ ಡಿಸ್ಕ್‌ನಿಂದ ಓಡೋದೇ ಇಲ್ಲ, ಒಳಗಿನ ಎಸ್‌ಎಸ್‌ಡಿಯಿಂದಲೇ ಓಡಬೇಕು. ನಿಮ್ಮಲ್ಲಿ ಅವು ಸರಿಯಿವೆ, ಹೊರಗಿನವು ಮಾತ್ರ ನಿಲ್ತವೆ. ಅಂದ್ರೆ ತೊಂದರೆ ಹಾರ್ಡ್ ಡಿಸ್ಕ್‌ನಲ್ಲಿ, ಅದರ ಕೇಬಲ್‌ನಲ್ಲಿ, ಇಲ್ಲವೇ ಸ್ವಿಚ್ ಆರಿಸಿ ಆರಿಸಿ ಕೆಟ್ಟಿರುವ ಫೈಲ್‌ಗಳಲ್ಲಿ. ಸಂಗೀತ ಕೇಳ್ತಾ ಚಿತ್ರ ನಿಲ್ಲೋದೂ ಇದಕ್ಕೆ ಹೊಂದುತ್ತೆ: ಮೆಮೊರಿಗೆ ಬಂದಿದ್ದ ಧ್ವನಿ ಓಡ್ತಾ ಇದೆ, ಮುಂದಿನ ಭಾಗ ಡಿಸ್ಕ್‌ನಿಂದ ಬರ್ತಾ ಇಲ್ಲ.

ಮೊದಲು ಕೇಬಲ್ ನೋಡಿ. ಇಂಥ ಡಿಸ್ಕ್‌ಗಳ ಕಡೆಗೆ ಸಾಮಾನ್ಯವಾಗಿ ಅಗಲವಾದ, ಎರಡು ಭಾಗ ಇರುವ ಮೈಕ್ರೋ-ಬಿ ಕನೆಕ್ಟರ್ ಇರುತ್ತೆ. ಅದು ಬಹಳ ಬೇಗ ಸಡಿಲ ಆಗುತ್ತೆ. ಡಿಸ್ಕ್ ಟಿವಿ ಹಿಂದೆ ಕೇಬಲ್‌ಗೆ ನೇತಾಡ್ತಾ ಇದ್ರೆ ಅದರ ಭಾರವೆಲ್ಲ ಕನೆಕ್ಟರ್ ಮೇಲೆ. ಕನ್ಸೋಲ್ ಪಕ್ಕ ಸಮನಾದ ಜಾಗದಲ್ಲಿ ಮಲಗಿಸಿ, ಗಿಡ್ಡ ಹೊಸ ಕೇಬಲ್ ಹಾಕಿ, ಹಿಂದಿನ ಪೋರ್ಟ್‌ಗೆ ನೇರವಾಗಿ ಚುಚ್ಚಿ. ಮಧ್ಯೆ ಯುಎಸ್‌ಬಿ ಹಬ್ ಬೇಡ. ಕೇಬಲ್ ಬದಲಿಸುವ ಮೊದಲು ಕನ್ಸೋಲ್ ಪೂರ್ತಿ ಆಫ್ ಇರಲಿ. ಕಿತ್ತಳೆ ದೀಪ ಇರುವಾಗಲೂ ಡಿಸ್ಕ್ ಕೀಳಬೇಡಿ.

ಆಮೇಲೂ ನಿಂತ್ರೆ ಆ ಗೇಮ್‌ಗಳಲ್ಲಿ ಒಂದನ್ನು ಒಳಗಿನ ಎಸ್‌ಎಸ್‌ಡಿಗೆ ಮೂವ್ ಮಾಡಿ ಆಡಿ. ಅಲ್ಲಿ ಚೆನ್ನಾಗಿ ಓಡಿದ್ರೆ ಡಿಸ್ಕ್ ಬದಲಿಸುವ ಕಾಲ ಬಂದಿದೆ. ಪಿಎಸ್5 ಒಪ್ಪೋದು ಯುಎಸ್‌ಬಿ 5 ಜಿಬಿಪಿಎಸ್ ಅಥವಾ ಅದಕ್ಕಿಂತ ವೇಗದ, 250 ಜಿಬಿಯಿಂದ 8 ಟಿಬಿ ಒಳಗಿನ ಡಿಸ್ಕ್. ಒಳಗೆ ಹಾಕಿದ ಮೇಲೂ ಅದೇ ಜಾಗದಲ್ಲಿ ನಿಂತ್ರೆ ಮಾತ್ರ ಗೇಮ್ ಫೈಲ್ ಕೆಟ್ಟಿದೆ. ಕಾಡುಮಲ್ಲಿಗೆ ಹೇಳಿದ ಡಿಲೀಟ್, ಇನ್‌ಸ್ಟಾಲ್ ಆಗ ಸರಿ. ಮೊದಲೇ ಅದನ್ನು ಮಾಡಿದ್ರೆ, ನಮ್ಮ ಕಡೆಯ ಇಂಟರ್‌ನೆಟ್‌ನಲ್ಲಿ 50 ಜಿಬಿ ಮತ್ತೆ ಇಳಿಸಿ, ಅದೇ ಸಡಿಲ ಕೇಬಲ್‌ನ ಡಿಸ್ಕ್‌ಗೆ ಬರೆದ ಹಾಗಾಗುತ್ತೆ. ಗೇಮ್‌ನ ಬ್ಲೂ-ರೇ ಡಿಸ್ಕ್‌ನಿಂದ ಇನ್‌ಸ್ಟಾಲ್ ಮಾಡುವವರು ಅದರ ಮೇಲಿನ ಗೀರು ನೋಡಿಕೊಳ್ಳಿ. ಇನ್‌ಸ್ಟಾಲ್ ಆದ ಮೇಲೆ ಗೇಮ್ ಓಡೋದು ಎಸ್‌ಎಸ್‌ಡಿಯಿಂದ, ಬ್ಲೂ-ರೇ ಡಿಸ್ಕ್ ಬೇಕಾಗೋದು ಹಕ್ಕಿನ ಪರಿಶೀಲನೆಗೆ. ಗೀರಿನ ಕಾಟ ಇನ್‌ಸ್ಟಾಲ್ ಸಮಯದಲ್ಲೇ ಕಾಣಿಸುತ್ತೆ.

ಇನ್ನು ಸೇಫ್ ಮೋಡ್. ನಿಮ್ಮ ಕೇಬಲ್ ಬರಿ ಚಾರ್ಜಿಂಗ್ ಕೇಬಲ್. ಅದರಲ್ಲಿ ಕರೆಂಟ್ ಹೋಗುವ ತಂತಿ ಇದೆ, ಡೇಟಾ ತಂತಿ ಇಲ್ಲ. ಕನ್ಸೋಲ್ ಜೊತೆ ಬಂದ ಕೇಬಲ್ ಅಥವಾ ಫೋನಿನಿಂದ ಕಂಪ್ಯೂಟರ್‌ಗೆ ಫೋಟೋ ಕಳಿಸೋಕೆ ಆಗುವ ಕೇಬಲ್ ಹಾಕಿ. ಪಿಎಸ್5 ಕಂಟ್ರೋಲರ್‌ಗೆ ಟೈಪ್-ಸಿ, ಪಿಎಸ್4ನದ್ದಕ್ಕೆ ಮೈಕ್ರೋ ಯುಎಸ್‌ಬಿ.

ಸೇಫ್ ಮೋಡ್‌ಗೆ ಹೋಗುವ ಕ್ರಮ ಬೇರೆಯವರಿಗೂ ಇರಲಿ. ಕನ್ಸೋಲ್ ಪೂರ್ತಿ ಆಫ್ ಆಗಿರಬೇಕು, ಕಿತ್ತಳೆ ದೀಪವೂ ಇರಬಾರದು. ಪವರ್ ಬಟನ್ ಒತ್ತಿ ಹಿಡಿಯಿರಿ, ಒಂದು ಬೀಪ್ ತಕ್ಷಣ, ಇನ್ನೊಂದು 7 ಸೆಕೆಂಡಿಗೆ. ಎರಡನೇದು ಕೇಳಿದ ಮೇಲೆ ಬಿಡಿ. ಬರುವ ಪಟ್ಟಿಯಲ್ಲಿ ನಿಮಗೆ ಬೇಕಾಗಿರೋದು 5ನೇ ಸಾಲು. ಅದರೊಳಗೆ ಎರಡು: ಕ್ಯಾಶ್ (ತಾತ್ಕಾಲಿಕ ಫೈಲ್‌ಗಳು) ಅಳಿಸೋದು, ಡೇಟಾಬೇಸ್ (ಫೈಲ್‌ಗಳ ಪಟ್ಟಿ) ಮರುಕಟ್ಟೋದು. ಮೊದಲು ಕ್ಯಾಶ್, ಅದು ಬೇಗ ಮುಗಿಯುತ್ತೆ. ಮರುಕಟ್ಟೋದು ಗೇಮ್ ಎಷ್ಟಿವೆ ಅನ್ನೋದರ ಮೇಲೆ ಕೆಲವು ನಿಮಿಷದಿಂದ ಗಂಟೆಗಳ ತನಕ ಹಿಡಿಯಬಹುದು. ಎರಡರಲ್ಲೂ ಗೇಮ್, ಸೇವ್ ಅಳಿಯಲ್ಲ. 6 ಮತ್ತು 7ನೇ ಸಾಲು ರೀಸೆಟ್, ಎಲ್ಲ ಅಳಿಯುತ್ತೆ. ಅಲ್ಲಿಗೆ ಹೋಗುವ ಮುಂಚೆ ಸೇವ್ ಎಲ್ಲಿದೆ ಅಂತ ನೋಡಿಕೊಂಡಿರಬೇಕು. ಪಿಎಸ್4 ಗೇಮ್‌ಗಳ ಸೇವ್ ಪೆನ್‌ಡ್ರೈವ್‌ಗೆ ಕಾಪಿ ಆಗುತ್ತೆ. ಪಿಎಸ್5 ಗೇಮ್‌ಗಳದ್ದನ್ನು ಕ್ಲೌಡ್‌ಗೆ ಹಾಕೋಕೆ ಪಿಎಸ್ ಪ್ಲಸ್ ಸದಸ್ಯತ್ವ ಬೇಕು.

ಇನ್ನೊಂದು ಮಾತು ಬಿಟ್ಟಿತ್ತು. ಕನ್ಸೋಲ್ ಮೇಲೆ ಧೂಳು ಕೂರದ ಹಾಗೆ ಕಸೂತಿ ಬಟ್ಟೆ ಹೊದಿಸಿಡೋದು ನಮ್ಮ ಮನೆಗಳಲ್ಲಿ ಸಾಮಾನ್ಯ. ಆಡುವಾಗಲೂ, ರೆಸ್ಟ್ ಮೋಡ್‌ನಲ್ಲೂ ಅದು ಬೇಡ. ಗೋಡೆಯಿಂದ ಕನಿಷ್ಠ 10 ಸೆಂ.ಮೀ. ದೂರ ಇರಲಿ. ಬಿಸಿಗೆ ನಿಲ್ಲುವ ಕನ್ಸೋಲ್ ಸಾಮಾನ್ಯವಾಗಿ ಬಿಸಿ ಹೆಚ್ಚಾಯ್ತು ಅಂತ ಹೇಳಿಯೇ ನಿಲ್ಲುತ್ತೆ, ಆಗ ಆಫ್ ಮಾಡಿ ತಣ್ಣಗಾಗೋಕೆ ಬಿಡಿ.

---

ತಂತಿಮನೆ, ಮೂಡಿಗೆರೆ

ಗೇಮ್ ವಿಷಯ ಆಯ್ತು, ಕರೆಂಟ್ ವಿಷಯ ನಾನು ಹೇಳ್ತೀನಿ. ಹಾಸನ ಜಿಲ್ಲೆ ಸೆಸ್ಕ್, ಚಿಕ್ಕಮಗಳೂರು ಮೆಸ್ಕಾಂ, ಯಾವ ವಿದ್ಯುತ್ ಕಂಪನಿಯದ್ದೇ ಆಗಲಿ, ಮಲೆನಾಡಲ್ಲಿ ಜೂನ್‌ನಿಂದ ಆಗಸ್ಟ್ ತನಕ ಲೈನ್ ಮೇಲೆ ಕೊಂಬೆ ಬೀಳೋದು ತಪ್ಪಲ್ಲ ಮಾರಾಯ್ರೆ. ಏಪ್ರಿಲ್, ಮೇನಲ್ಲಿ ಗುಡುಗು ಸಿಡಿಲು. ಅರಸೀಕೆರೆ, ಕಡೂರು ಕಡೆ ಪಂಪ್‌ಸೆಟ್ ಎಲ್ಲ ಒಟ್ಟಿಗೆ ಶುರುವಾದಾಗ ವೋಲ್ಟೇಜ್ ಇಳಿಯುತ್ತೆ. ಕರೆಂಟ್ ಪೂರ್ತಿ ಹೋಗೋದಕ್ಕಿಂತ ಹೀಗೆ ಡಿಮ್ ಆಗಿ ಏಳೋದು ಕನ್ಸೋಲನ್ನು ಹೆಚ್ಚು ಸಲ ಬೀಳಿಸುತ್ತೆ.

ಬಹಳ ಮನೆಗಳಲ್ಲಿ ಇನ್ವರ್ಟರ್ ಇದೆ, ಆದರೂ ಕರೆಂಟ್ ಹೋದ ಕ್ಷಣಕ್ಕೆ ಕನ್ಸೋಲ್ ಆಫ್ ಆಗಿ ಆನ್ ಆಗುತ್ತೆ. ಇನ್ವರ್ಟರ್ ಹಿಂಭಾಗ ಅಥವಾ ಮುಂಭಾಗದಲ್ಲಿ ಯುಪಿಎಸ್ ಮೋಡ್, ನಾರ್ಮಲ್ ಅಥವಾ ಇಕೋ ಮೋಡ್ ಅಂತ ಒಂದು ಸ್ವಿಚ್ ಇರುತ್ತೆ. ನಾರ್ಮಲ್‌ನಲ್ಲಿದ್ರೆ ಬ್ಯಾಟರಿಗೆ ಬದಲಾಗೋಕೆ ಹೆಚ್ಚು ಸಮಯ ಹಿಡಿಯುತ್ತೆ, ಜೊತೆಗೆ ವೋಲ್ಟೇಜ್ ಬಹಳ ಕೆಳಗೆ ಇಳಿಯುವ ತನಕ ಸುಮ್ಮನಿರುತ್ತೆ. ಯುಪಿಎಸ್ ಮೋಡ್‌ಗೆ ಹಾಕಿದ್ರೆ ಸುಮಾರು 180 ವೋಲ್ಟ್‌ಗಿಂತ ಇಳಿದಾಗಲೇ, ಕೆಲವೇ ಮಿಲಿಸೆಕೆಂಡಿನಲ್ಲಿ ಬ್ಯಾಟರಿಗೆ ಹೋಗುತ್ತೆ, ಕನ್ಸೋಲ್‌ಗೆ ಗೊತ್ತೇ ಆಗಲ್ಲ. ಆದರೆ ಹಗಲೆಲ್ಲ ವೋಲ್ಟೇಜ್ ಕಮ್ಮಿ ಇರುವ ಊರಲ್ಲಿ ಯುಪಿಎಸ್ ಮೋಡ್‌ನಲ್ಲಿಟ್ಟರೆ ಬ್ಯಾಟರಿ ಖಾಲಿ ಆಗ್ತಾ ಇರುತ್ತೆ, ಅದನ್ನೂ ನೋಡಿಕೊಳ್ಳಬೇಕು. ಇನ್ವರ್ಟರ್ ಸೈನ್ ವೇವ್ (ಲೈನ್ ಕರೆಂಟಿನಂಥದ್ದೇ ನಯವಾದ ಅಲೆ ಕೊಡುವಂಥದ್ದು) ಇರಲಿ, ಹಳೇ ಸ್ಕ್ವೇರ್ ವೇವ್‌ಗೆ ಕನ್ಸೋಲ್ ಹಾಕಬೇಡಿ.

ಇನ್ವರ್ಟರ್ ಇಲ್ಲದವರಿಗೆ ಕಂಪ್ಯೂಟರ್ ಯುಪಿಎಸ್ ಸಾಕು. ಲೆಕ್ಕ ಹೀಗೆ: ಪಿಎಸ್5 ಭಾರೀ ಗೇಮ್‌ನಲ್ಲಿ 200 ವ್ಯಾಟ್ ಆಸುಪಾಸು, ಎಲ್‌ಇಡಿ ಟಿವಿ ಸುಮಾರು 80ರಿಂದ 100, ರೂಟರ್ 10. ಒಟ್ಟು 300ರ ಹತ್ತಿರ. 600 ವಿಎ ಯುಪಿಎಸ್ ಕೊಡೋದು ಸಾಮಾನ್ಯವಾಗಿ 360 ವ್ಯಾಟ್, ಕೆಲವು ನಿಮಿಷ ನಿಲ್ಲುತ್ತೆ. ಅದು ಆಡೋಕೆ ಅಲ್ಲ. ಬೀಪ್ ಶುರುವಾದ ಕೂಡಲೇ ಸೇವ್ ಮಾಡಿ, ಗೇಮ್ ಕ್ಲೋಸ್ ಮಾಡಿ, ಕನ್ಸೋಲ್ ಆಫ್ ಮಾಡೋಕೆ. ಸೀರೀಸ್ ಎಸ್ 100 ವ್ಯಾಟ್ ಒಳಗೇ ಇರೋದ್ರಿಂದ ಅದೇ ಯುಪಿಎಸ್‌ನಲ್ಲಿ ಹೆಚ್ಚು ಹೊತ್ತು ಬರುತ್ತೆ. ಬ್ಯಾಟರಿ ಹಳೇದಾಗಿದ್ರೆ ಈ ಲೆಕ್ಕ ನಡೆಯಲ್ಲ.

ನಿರ್ವಹಣೆ ಕಾಮಗಾರಿ ಇರುವ ದಿನದ ಬಗ್ಗೆ ಪತ್ರಿಕೆಯಲ್ಲಿ ವಿದ್ಯುತ್ ವ್ಯತ್ಯಯದ ಪ್ರಕಟಣೆ ಬರುತ್ತೆ. ಹಿಂದಿನ ರಾತ್ರಿಯೇ ರೆಸ್ಟ್ ಮೋಡ್ ಬಿಟ್ಟು ಪೂರ್ತಿ ಆಫ್ ಮಾಡಿಡಿ. ಸಿಡಿಲಿನ ದಿನ ಆಫ್ ಮಾಡಿದ ಮೇಲೆ ಪ್ಲಗ್ ಜೊತೆ ಲ್ಯಾನ್ ಕೇಬಲ್ ಕೂಡ ಕೀಳಿ.

---

ಬೇಲೂರು_ಜಾಯ್‌ಕಾನ್, ಬೇಲೂರು

ನಿಂಟೆಂಡೊ ಸ್ವಿಚ್ ಅನ್ನೋ ಕನ್ಸೋಲ್ ಇರುವವರಿಗೆ ಚಿಕ್ಕದಾಗಿ. ಹೋಮ್ ಬಟನ್ ಒತ್ತಿದ್ರೆ ಗೇಮ್ ನಿಲ್ಲುತ್ತೆ, ಕ್ಲೋಸ್ ಆಗಲ್ಲ. ಗೇಮ್ ಚಿತ್ರದ ಮೇಲೆ ನಿಂತು ಎಕ್ಸ್ ಬಟನ್ ಒತ್ತಿ, ಕ್ಲೋಸ್ ಕೊಡಬೇಕು. ಪೂರ್ತಿ ಹ್ಯಾಂಗ್ ಆದ್ರೆ ಮೇಲಂಚಿನ ಪವರ್ ಬಟನ್ 12 ಸೆಕೆಂಡ್ ಅಥವಾ ಜಾಸ್ತಿ ಹಿಡಿದು, ಬಿಟ್ಟು, ಮತ್ತೆ ಒಂದು ಸಲ ಒತ್ತಿ. ಮೂರು ಸೆಕೆಂಡಿಗೆ ಬಿಟ್ಟರೆ ಪವರ್ ಮೆನು ಬರುತ್ತೆ ಅಷ್ಟೇ. ಹ್ಯಾಂಗ್ ಆಗಿದ್ರೆ ಅದೂ ಕಾಣಲ್ಲ, ಆದ್ದರಿಂದ ಬೇಗ ಬಿಡಬೇಡಿ. ಟಿವಿಗೆ ಸೇರಿಸುವ ಡಾಕ್‌ನಲ್ಲಿ ಇಟ್ಟಾಗ ಚಿತ್ರವೇ ಬರದಿದ್ರೆ ಅಡಾಪ್ಟರನ್ನು ಗೋಡೆಯಿಂದಲೂ ಡಾಕ್‌ನಿಂದಲೂ ಕಿತ್ತು ಅರ್ಧ ನಿಮಿಷ ಬಿಟ್ಟು ಹಾಕಿ.

ಒಂದೇ ಗೇಮ್ ಪದೇ ಪದೇ ನಿಂತ್ರೆ ಮೈಕ್ರೋ ಎಸ್‌ಡಿ ಕಾರ್ಡ್ ನೋಡಿ, ನಕಲಿ ಕಾರ್ಡ್ ಇದ್ರೆ ಹೀಗಾಗೋದು ಸಾಮಾನ್ಯ. ಸಿಸ್ಟಮ್ ಸೆಟ್ಟಿಂಗ್ಸ್, ಡೇಟಾ ಮ್ಯಾನೇಜ್‌ಮೆಂಟ್, ಗೇಮ್ ಆರಿಸಿ ಕೆಟ್ಟ ಡೇಟಾ ಪರೀಕ್ಷೆ ಕೊಟ್ಟರೆ ಗೊತ್ತಾಗುತ್ತೆ. ಸೇವ್ ಇರೋದು ಕನ್ಸೋಲ್ ಒಳಗೆ, ಕಾರ್ಡ್ ಬದಲಿಸಿದ್ರೂ ಆಟ ಎಲ್ಲಿತ್ತೋ ಅಲ್ಲಿಂದಲೇ ಮುಂದುವರಿಯುತ್ತೆ. ಕಾರ್ಡ್ ತೆಗೆಯುವ ಮುಂಚೆ ಸ್ಲೀಪ್ ಸಾಲದು, ಪವರ್ ಆಫ್ ಮಾಡಿ.

---

ಹೇಮಾವತಿ_ದಂಡೆ, ಸಕಲೇಶಪುರ

ಹಾರ್ಡ್ ಡಿಸ್ಕ್ ಟಿವಿ ಹಿಂದೆ ನೇತಾಡ್ತಾ ಇತ್ತು, ಕನೆಕ್ಟರ್ ಮುಟ್ಟಿದ್ರೆ ಅಲುಗಾಡುತ್ತೆ. ಗಿಡ್ಡ ಕೇಬಲ್ ತರಿಸ್ತೀನಿ. ಕೇಬಲ್ ಬರುವ ತನಕ ಆ ಗೇಮ್‌ಗಳನ್ನ ಆಡಬಹುದಾ?

---

ಗಿರಿಶ್ರೇಣಿ, ಚಿಕ್ಕಮಗಳೂರು

ಹೊರಗಿನ ಡಿಸ್ಕ್‌ನಿಂದ ಬೇಡ. ಸಡಿಲ ಇರುವಾಗ ಮೂವ್ ಮಾಡೋಕೂ ಹೋಗಬೇಡಿ, ಮಧ್ಯದಲ್ಲಿ ಕಡಿದ್ರೆ ಆ ಗೇಮ್ ಎರಡೂ ಕಡೆ ಕೆಡಬಹುದು. ಕನ್ಸೋಲ್ ಆನ್ ಇದ್ದಾಗ ಸೆಟ್ಟಿಂಗ್ಸ್‌ನ ಸ್ಟೋರೇಜ್‌ಗೆ ಹೋಗಿ, ಯುಎಸ್‌ಬಿ ಡಿಸ್ಕನ್ನು ಸುರಕ್ಷಿತವಾಗಿ ತೆಗೆಯುವ ಆಯ್ಕೆ ಕೊಟ್ಟು, ಆಮೇಲೆ ಕಿತ್ತಿಡಿ. ಪಿಎಸ್4 ಗೇಮ್‌ಗಳ ಸೇವ್ ಕನ್ಸೋಲ್ ಒಳಗೇ ಇರುತ್ತೆ, ಡಿಸ್ಕ್ ಜೊತೆ ಹೋಗಲ್ಲ. ಹೊಸ ಕೇಬಲ್ ಹಾಕಿದ ಮೇಲೆ ಮೊದಲ ಸಲ ಪರೀಕ್ಷೆಯ ಸಂದೇಶ ಬಂದ್ರೆ ಪೂರ್ತಿ ಮುಗಿಯೋಕೆ ಬಿಡಿ, ಕರೆಂಟ್ ಗಟ್ಟಿ ಇರುವ ಹೊತ್ತು ನೋಡಿ ಮಾಡಿ. ಅದಾದ ಮೇಲೆ ನಿಲ್ಲುತ್ತಿದ್ದ ಗೇಮ್‌ಗಳ ಮೇಲೆ ಒಂದೊಂದಾಗಿ ಆಪ್ಷನ್ಸ್ ಒತ್ತಿ ಚೆಕ್ ಫಾರ್ ಅಪ್‌ಡೇಟ್ ಕೊಡಿ. ಹಾಗೂ ನಿಂತ ಗೇಮ್ ಯಾವುದು, ಆಗ ಬಂದ ಕೋಡ್ ಏನು ಅಂತ ಇಲ್ಲೇ ಬರೆಯಿರಿ, ನೋಡೋಣ.